ಜಾಗ ಬಿಟ್ಟ ಕಲ್ಲು

ವಾರಂಟು ನನ್ನ ಹೆಸರಿಗೆ. ಮೂರು ವರ್ಷದ ಪ್ರಾಕ್ಟೀಸು,
ಫೀಸು ಎರಡು ಸಾವಿರ, ವಾದಿ ಕಟ್ಟಿದ್ದು.
ಸೊರಬದಿಂದ ಹೊರಟ ಬಸ್ಸು ಕೆರೆ ಏರಿಯ ಮೇಲೆ
ನನ್ನನ್ನೂ ರಟ್ಟಿನ ಫೈಲನ್ನೂ ಇಳಿಸಿ ಹೋಯಿತು.
ಸರ್ವೇಯರ್ ತಾವರ್ಯಾನಾಯ್ಕರು ಮೊದಲೇ ಬಂದು
ಚೀಲದಿಂದ ಸರಪಳಿ ಹೊರಗೆಳೆಯುತ್ತಿದ್ದರು,
ಹಾವಾಡಿಗ ಬುಟ್ಟಿ ತೆರೆದ ಹಾಗೆ. ಮಕ್ಕಳು ದೂರ ನಿಂತಿದ್ದವು.

ಕಾಫಿ ಬಂತು, ಎರಡು ಮನೆಯಿಂದ.
ಗುತ್ಯಪ್ಪನ ಕಡೆಯದು ಸ್ಟೀಲ್ ಲೋಟದಲ್ಲಿ,
ಅವನ ತಮ್ಮನ ಹೆಂಡತಿ ದ್ಯಾವಮ್ಮನದು
ಗಾಜಿನದರಲ್ಲಿ, ತಟ್ಟೆಯ ಸಮೇತ.
ಸೀನಿಯರ್ ಹೇಳಿಕೊಟ್ಟ ಮೊದಲ ಪಾಠ:
"ಅವರ ನೀರು ಮುಟ್ಟಬೇಡ, ನೆರಳಲ್ಲೂ ಕೂರಬೇಡ."
ಎರಡೂ ಬದುವಿನ ಮೇಲೆ ಆರಿದವು.
ಕೆನೆ ಎರಡಕ್ಕೂ ಒಂದೇ ಹೊತ್ತಿಗೆ ಕಟ್ಟಿತು.
ಇದನ್ನು ವರದಿಯಲ್ಲಿ ಬರೆಯುವಂತಿಲ್ಲ.

ಬದು ಅಂದೆನಲ್ಲ,
ಹಳೆಯ ಟಿಪ್ಪಣಿಯಲ್ಲಿ ಅದು ಮೂರು ಅಡಿ ಅಗಲ.
ನಾನು ಟೇಪು ಹಿಡಿದಾಗ ಹನ್ನೊಂದು ಇಂಚು.
ವರ್ಷಕ್ಕೊಂದು ಗುದ್ದಲಿ ಏಟು ಆಚೆಯಿಂದ,
ವರ್ಷಕ್ಕೊಂದು ಈಚೆಯಿಂದ.
ಈಗ ಅದರ ಮೇಲೆ ಒಂದು ಬೆಕ್ಕು ನಡೆದೀತು;
ಎದುರಿಗೆ ಇನ್ನೊಂದು ಬಂದರೆ ಅದೂ ಕೋರ್ಟಿಗೆ ಹೋಗಬೇಕು.
ಮೆಮೊದಲ್ಲಿ ಕೇಳಿದ್ದು: ಒತ್ತುವರಿ ಎಷ್ಟು, ಯಾರದು?
ಬದುವೇ ದಾವೆ ಹೂಡಿದ್ದರೆ
ಇಬ್ಬರ ಮೇಲೂ ಡಿಕ್ರಿ ಆಗುತ್ತಿತ್ತು.

ಈಶಾನ್ಯದ ಬಾಂದುಕಲ್ಲು ಸಿಗಲಿಲ್ಲ.
"ಅವರೇ ಕಿತ್ತರು" ಅಂದ ಗುತ್ಯಪ್ಪ.
"ಇವರ ಟ್ರ್ಯಾಕ್ಟರು ನುಂಗಿತು" ಅಂದಳು ದ್ಯಾವಮ್ಮ.
ಶುಂಠಿ ಪಟಗಳ ನಡುವೆ ಹಾರೆ ಹಾಕಿಸಿದೆ:
ಒಂದು ಲಾಳ, ಅರ್ಧ ಬಳೆ, ಔಷಧಿ ಬಾಟಲಿಯ ಮುಚ್ಚಳ.
ಪಂಚರು ಮೂರನ್ನೂ ಗಂಭೀರವಾಗಿ ನೋಡಿದರು.

ಮಧ್ಯಾಹ್ನಕ್ಕೆ ನನ್ನ ಬಾಟಲಿ ಖಾಲಿ.
ಚಕ್ಕುಬಂದಿಯಲ್ಲಿ ಉತ್ತರಕ್ಕೆ "ಹಾಜಿರಾಬಿ ಹಿತ್ತಲು" ಎಂದಿದೆ,
ದಾವೆಗೆ ಸಂಬಂಧವಿಲ್ಲದ ದಿಕ್ಕು. ಅಲ್ಲಿಗೆ ಹೋದೆ.
ಬಾವಿಕಟ್ಟೆಯ ಪಕ್ಕ ಅವಳು ಚಾದರ ಒಗೆಯುತ್ತಿದ್ದಳು.
ಚೊಂಬು ಕೊಟ್ಟಳು. ಗಟಗಟ ಕುಡಿದು ತಲೆ ತಗ್ಗಿಸಿದಾಗ
ನೊರೆ ಸರಿದು, ಕಲ್ಲಿನ ಮೇಲೆ ಉಳಿ ಕೆತ್ತಿದ ಗೀಟು:
ಅಡ್ಡ ಒಂದು, ಉದ್ದ ಒಂದು.

"ಇದು ಎಲ್ಲಿಯದಮ್ಮಾ?"
"ನಾ ಮದುವೆಯಾಗಿ ಬಂದಾಗ ಇಲ್ಲೇ ಇತ್ತು.
ಹಳ್ಳದ ನೀರಲ್ಲಿ ಬಂತೋ, ಯಾರು ಉರುಳಿಸಿದರೋ.
ನಲವತ್ತು ವರ್ಷದ ಕೊಳೆ ತೆಗೆದಿದೆ ತಾಯಿ.
ಒಯ್ತೀರಾ? ಒಯ್ಯೋದಾದ್ರೆ ಈ ಚಾದರ ಒಂದು ಮುಗೀಲಿ."

ತಾವರ್ಯಾನಾಯ್ಕರು ಮೊಣಕಾಲೂರಿ
ಗೀಟಿನ ಮೇಲೆ ಬೆರಳಾಡಿಸಿದರು, ಕಣ್ಣು ಮುಚ್ಚಿ.
"ಅದೇ ಮೇಡಂ. ಆದ್ರೆ ಜಾಗ ಬಿಟ್ಟ ಕಲ್ಲು.
ನಡೆದ ಕಲ್ಲಿನ ಸಾಕ್ಷಿ ನಡೆಯಲ್ಲ."

ಬರೆದೆ, ಕಂಡಷ್ಟು ಮಾತ್ರ:
ಎ ಬಿಂದುವಿನಿಂದ ಬಿ ಬಿಂದುವಿಗೆ ನೂರ ನಾಲ್ಕು ಅಡಿ.
ಎಡಕ್ಕೆ ಒಣಗಿದ ಶುಂಠಿ. ಬಲಕ್ಕೆ ಒಣಗಿದ ಶುಂಠಿ.
ಒಂದು ಕಲ್ಲು, ಸ್ವಸ್ಥಾನದಲ್ಲಿಲ್ಲ, ಒದ್ದೆಯಾಗಿದೆ.
ಸ್ವಾಧೀನ ಯಾರದೆಂದು ಹೇಳುವ ಅಧಿಕಾರ ನನಗಿಲ್ಲ;
ನಾನು ಕೋರ್ಟಿನ ಕಣ್ಣು, ಅದೂ ಒಂದು ದಿನದ ಬಾಡಿಗೆಗೆ.

ಮುಂದಿನ ತಾರೀಖಿಗೆ
ಎರಡೂ ಕಡೆಯಿಂದ ಆಕ್ಷೇಪಣೆ ಬಂತು:
ವರದಿ ಪಕ್ಷಪಾತದ್ದು, ತಳ್ಳಿಹಾಕಬೇಕು.
ಹತ್ತೊಂಬತ್ತು ವರ್ಷದಲ್ಲಿ ಆ ಎರಡು ಮನೆ
ಒಪ್ಪಿದ ಮೊದಲ ಮಾತು ಅದು.

ಪಾಟೀಸವಾಲಿಗೆ ಕಟಕಟೆ ಹತ್ತಿದೆ.
"ಸ್ಥಳದಲ್ಲಿ ನೀವು ನೀರು ಕುಡಿದಿರಿ?"
ಕುಡಿದೆ.
"ಯಾರ ಬಾವಿಯದು?"
ಹಾಜಿರಾಬಿಯದು.
"ಆ ಬಾವಿಯ ಸೆಲೆ ಯಾರ ಗದ್ದೆಯಡಿಯಿಂದ ಬರುತ್ತದೆ,
ಅಳೆದು ನೋಡಿದ್ದೀರಾ?"

ಇಲ್ಲ, ಅಂದೆ.
ಟೈಪಿಸ್ಟು ಅದನ್ನು ಹೊಸ ಸಾಲಿನಲ್ಲಿ ಹಾಕಿದಳು.